ಒಂಬತ್ತು ಮೂಲೆ ಕೂಡಿಸುವುದು ಹೇಗೆ: ನವಕೋನದ ಲೆಕ್ಕ, ಗೆರೆ ಮತ್ತು ಅರ್ಥ

ಎರಡು ವರ್ಷದ ಹಿಂದೆ, ಮಹಾಲಯ ಅಮಾವಾಸ್ಯೆಯ ರಾತ್ರಿ, ರಾಜಾಜಿನಗರದ ನಮ್ಮ ಅಪಾರ್ಟ್‌ಮೆಂಟಿನ ಲಾಬಿಯಲ್ಲಿ ಮಂಡಿಯೂರಿ ಕೂತಿದ್ದೆ. ಬೆಳಗಾದರೆ ನವರಾತ್ರಿ. ಒಂಬತ್ತು ರಾತ್ರಿಗೆ ಒಂಬತ್ತು ಮೂಲೆಯ ರಂಗೋಲಿ ಹಾಕುತ್ತೇನೆ ಎಂದು ಎಲ್ಲರ ಮುಂದೆ ಹೇಳಿ ಆಗಿತ್ತು. ಮಗಳ ಜಾಮೆಟ್ರಿ ಬಾಕ್ಸಿನ ಕೋನಮಾಪಕ ಇಟ್ಟುಕೊಂಡು 40 ಡಿಗ್ರಿಗೊಂದು ಗುರುತು ಹಾಕುತ್ತಾ ಸುತ್ತಿದೆ. ಎಂಟು ಬಾಹುಗಳು ಸಮನಾಗಿ ಬಂದವು. ಒಂಬತ್ತನೆಯದು ಮಾತ್ರ ಉಳಿದವಕ್ಕಿಂತ ನಾಲ್ಕು ಬೆರಳು ಉದ್ದ. ಅಲ್ಲಿ ಚೆಂಡುಹೂವಿನ ಎಸಳು ಸುರಿದು ಮುಚ್ಚಿದೆ. ಬೆಳಿಗ್ಗೆ ಸ್ಕೂಲ್ ಬಸ್ಸಿಗೆ ಇಳಿದು ಬಂದ ಎದುರುಮನೆಯ ಹುಡುಗ ಒಂದೇ ನೋಟಕ್ಕೆ ಹಿಡಿದ: "ಆಂಟಿ, ಇದು ಒಂದ್ಕಡೆ ಊದ್ಕೊಂಡಿದೆ."

ತಪ್ಪು ನನ್ನ ಕೈಯದೇ. ಅಂಗೈಯಗಲದ ಕೋನಮಾಪಕದಲ್ಲಿ ಅರ್ಧ ಡಿಗ್ರಿ ಕಣ್ಣಿಗೇ ಬೀಳುವುದಿಲ್ಲ. ಪ್ರತಿ ಸಲ ಅರ್ಧ ಡಿಗ್ರಿ ಕಮ್ಮಿ ಇಟ್ಟರೆ ಎಂಟು ಸಲಕ್ಕೆ 4 ಡಿಗ್ರಿ ಉಳಿಯುತ್ತದೆ, ಅಷ್ಟೂ ಕೊನೆಯ ಬಾಹುವಿನ ತಲೆಗೆ ಬೀಳುತ್ತದೆ. 95 ಸೆಂಟಿಮೀಟರ್ ತ್ರಿಜ್ಯದ ವೃತ್ತದಲ್ಲಿ ಅದು ಸುಮಾರು 7 ಸೆಂಟಿಮೀಟರ್ ವ್ಯತ್ಯಾಸ. ಅಲ್ಲಿಂದ ಶುರುವಾದ ಹಟದಲ್ಲಿ ಕಲಿತದ್ದನ್ನೆಲ್ಲ ಇಲ್ಲಿ ಬರೆದಿದ್ದೇನೆ. ಮೊದಲು ಮೂಲೆಗಳನ್ನು ಸಮವಾಗಿ ಕೂರಿಸುವ ಕೆಲಸ, ಆಮೇಲೆ ಅವುಗಳನ್ನು ಕೂಡಿಸುವ ಕೆಲಸ. ಎರಡನೆಯದರ ವಿಚಾರ ಈಗಲೇ ಹೇಳಿಬಿಡುತ್ತೇನೆ: ಒಂಬತ್ತು ಚುಕ್ಕಿ ಯಾರು ಇಟ್ಟರೂ ಒಂದೇ, ಆದರೆ ಅವನ್ನು ಹೇಗೆ ಕೂಡಿಸುತ್ತೀರಿ ಎಂಬುದರ ಮೇಲೆ ಅದು ಯಾರ ಒಂಬತ್ತು ಎಂಬುದು ತೀರ್ಮಾನವಾಗುತ್ತದೆ.

ಕೈವಾರ ಇಲ್ಲಿ ಯಾಕೆ ಕೈಕೊಡುತ್ತದೆ

ಆರು ಮೂಲೆಗೆ ಯೋಚನೆಯೇ ಬೇಡ. ವೃತ್ತ ಎಳೆದ ಅಳತೆಯಲ್ಲೇ ಕೈವಾರವನ್ನು ಪರಿಧಿಯ ಮೇಲೆ ಆರು ಹೆಜ್ಜೆ ಹಾಕಿಸಿದರೆ ಮುಗಿಯಿತು. ನಾಲ್ಕಕ್ಕೆ, ಎಂಟಕ್ಕೆ ಕೋನವನ್ನು ಅರ್ಧ ಮಾಡುತ್ತಾ ಹೋದರಾಯಿತು. ಐದಕ್ಕೂ ದಾರಿಯಿದೆ. ಏಳಕ್ಕೆ ಮತ್ತು ಒಂಬತ್ತಕ್ಕೆ ಇಲ್ಲ.

ಒಂಬತ್ತು ಎಂದರೆ ಮೂರು ಮೂರಲೆ, ಹಾಗಾಗಿ ಸುಲಭ ಅಂತಲೇ ಅನ್ನಿಸುತ್ತದೆ. ವೃತ್ತವನ್ನು ಮೂರು ಪಾಲು ಮಾಡಿದರೆ ಒಂದೊಂದೂ 120 ಡಿಗ್ರಿ, ಅದನ್ನು ಮತ್ತೆ ಮೂರು ಮಾಡಿದರೆ 40. ತೊಡಕಿರುವುದು ಈ ಎರಡನೆಯ ಹೆಜ್ಜೆಯಲ್ಲೇ. ಗುರುತಿಲ್ಲದ ಪಟ್ಟಿ ಮತ್ತು ಕೈವಾರದಿಂದ ಯಾವ ಕೋನವನ್ನಾದರೂ ಅರ್ಧ ಮಾಡಬಹುದು, ಮೂರು ಮಾಡಲು ಮಾತ್ರ ಕೆಲವು ಕೋನಗಳಿಗಷ್ಟೇ ಬರುತ್ತದೆ, 120 ಅವುಗಳಲ್ಲಿಲ್ಲ. ಗ್ರೀಕರ ಕಾಲದಿಂದ ಕಾಡಿದ ಈ ಸಮಸ್ಯೆಗೆ ತೆರೆ ಬಿದ್ದದ್ದು 19ನೇ ಶತಮಾನದಲ್ಲಿ. ಜರ್ಮನಿಯ ಗಣಿತಜ್ಞ ಗೌಸ್ 1796ರಲ್ಲಿ, ಇನ್ನೂ 18 ವರ್ಷದ ಹುಡುಗನಾಗಿದ್ದಾಗ, 17 ಬಾಹುಗಳ ಆಕೃತಿಯನ್ನು ಕೈವಾರದಿಂದ ರಚಿಸಬಹುದು ಎಂದು ಕಂಡುಕೊಂಡ. 1837ರಲ್ಲಿ ಫ್ರಾನ್ಸಿನ ಪಿಯರ್ ವಾಂಟ್ಸೆಲ್ ಯಾವುದು ಸಾಧ್ಯವಿಲ್ಲ ಎಂಬುದನ್ನು ಸಾಧಿಸಿ ತೋರಿಸಿದ. 40 ಡಿಗ್ರಿಯ ಕೊಸೈನ್ ಒಂದು ಘನ ಸಮೀಕರಣದೊಳಗೆ ಸಿಕ್ಕಿಕೊಂಡಿದೆ. ಕೈವಾರ ನಮ್ಮನ್ನು ವರ್ಗಮೂಲದ ಬಾಗಿಲವರೆಗೆ ಬಿಟ್ಟು ವಾಪಸಾಗುತ್ತದೆ, ಘನಮೂಲದ ಮನೆಗೆ ಕಾಲಿಡುವುದಿಲ್ಲ. 17 ಬರುತ್ತದೆ, 9 ಬರುವುದಿಲ್ಲ! ನನಗೆ ಇದು ಇವತ್ತಿಗೂ ಸೋಜಿಗ.

ಚುಕ್ಕಿ ರಂಗೋಲಿಯೂ ಇಲ್ಲಿ ಉಪಯೋಗಕ್ಕೆ ಬಾರದು. ಸಾಲು ಚುಕ್ಕಿ ಇಟ್ಟರೆ ನಾಲ್ಕರ ಸಮತೂಕ ಬರುತ್ತದೆ, ಸಂದು ಚುಕ್ಕಿ ಇಟ್ಟರೆ ಆರರದು. ಒಂಬತ್ತರದು ಎರಡರಲ್ಲೂ ಬರುವುದಿಲ್ಲ. ನವಕೋನದ ಒಳಕೋನ 140 ಡಿಗ್ರಿ. ಎರಡನ್ನು ಒತ್ತಟ್ಟಿಗೆ ಇಟ್ಟರೆ 280, ಉಳಿದ 80ರಲ್ಲಿ ಮೂರನೆಯದು ಕೂರುವುದಿಲ್ಲ. ಬರೀ ಒಂಬತ್ತು ಮೂಲೆಯ ಟೈಲ್ಸ್ ಜೋಡಿಸಿದ ನೆಲವನ್ನು ನೀವು ಎಲ್ಲೂ ನೋಡಿರದಿದ್ದರೆ ಕಾರಣ ಇದೇ.

ತಟ್ಟೆ ಮತ್ತು ದಾರ

ಕೈವಾರಕ್ಕೆ ಆಗದ್ದು ದಾರಕ್ಕೆ ಆಗುತ್ತದೆ, ಯಾಕೆಂದರೆ ದಾರ ಬಾಗುತ್ತದೆ. ಚಿಕ್ಕ ಆಕೃತಿಗೆ ಇದಕ್ಕಿಂತ ಒಳ್ಳೆಯ ಉಪಾಯ ನನಗೆ ಗೊತ್ತಿಲ್ಲ.

ಅಂಚು ನೇರವಾಗಿರುವ ಒಂದು ಸ್ಟೀಲ್ ತಟ್ಟೆ ತೆಗೆದುಕೊಳ್ಳಿ. ಅಂಚಿನ ಸುತ್ತ ಹತ್ತಿ ದಾರವನ್ನು ಒಂದು ಸುತ್ತು ಬಿಗಿಯಾಗಿ ಸುತ್ತಿ, ತುದಿಗೆ ತುದಿ ತಾಗುವಲ್ಲಿ ಕತ್ತರಿಸಿ. ಬಿಚ್ಚಿದ ದಾರವನ್ನು ಮೂರು ಮಡಿಕೆ ಮಾಡಿ, ಅದನ್ನು ಮತ್ತೆ ಮೂರು ಮಡಿಕೆ ಮಾಡಿ. ಮಡಿಕೆಯ ತಿರುವುಗಳಿಗೆಲ್ಲ ಪೆನ್ನಿನ ಮಸಿ ಮುಟ್ಟಿಸಿ, ದಾರವನ್ನು ಮತ್ತೆ ತಟ್ಟೆಗೆ ಸುತ್ತಿ. ಒಂಬತ್ತು ಗುರುತುಗಳು ಅಂಚಿನ ಮೇಲೆ ಸಮ ದೂರದಲ್ಲಿ ಕೂತಿರುತ್ತವೆ. ತಟ್ಟೆಯನ್ನು ಕಾಗದದ ಮೇಲೆ ಕವುಚಿ, ಸುತ್ತ ಗೆರೆ ಎಳೆದು, ಗುರುತುಗಳನ್ನು ಇಳಿಸಿಕೊಳ್ಳಿ.

ನೈಲಾನ್ ದಾರ ಬೇಡ, ಎಳೆದಷ್ಟೂ ಹಿಗ್ಗುತ್ತದೆ. ಒದ್ದೆ ದಾರವೂ ಬೇಡ.

ಹತ್ತೊಂಬತ್ತಕ್ಕೆ ಹದಿಮೂರು

ನೆಲದ ಮೇಲಿನ ದೊಡ್ಡ ಕೆಲಸಕ್ಕೆ ಸುತ್ತಿಕೊಳ್ಳಲು ತಟ್ಟೆ ಎಲ್ಲಿದೆ? ಇಲ್ಲಿ ನೆನಪಿಡಬೇಕಾದ್ದು ಎರಡೇ ಸಂಖ್ಯೆ. ತ್ರಿಜ್ಯ 19 ಪಾಲು, ಬಾಹು 13 ಪಾಲು.

ನಿಜವಾದ ಬಾಹು ತ್ರಿಜ್ಯದ 0.68404ರಷ್ಟು, ಅಂದರೆ 20 ಡಿಗ್ರಿಯ ಸೈನ್‌ನ ಎರಡರಷ್ಟು. 13ನ್ನು 19ರಿಂದ ಭಾಗಿಸಿದರೆ 0.68421. ಈ ಅಳತೆಯಲ್ಲಿ ಒಂದು ಹೆಜ್ಜೆಗೆ ಬರುವ ಕೋನ 40.01 ಡಿಗ್ರಿ. 95 ಸೆಂಟಿಮೀಟರ್ ತ್ರಿಜ್ಯಕ್ಕೆ 65 ಸೆಂಟಿಮೀಟರ್ ಬಾಹು ಇಟ್ಟು ಸುತ್ತು ಮುಗಿಸಿದರೆ ಒಂಬತ್ತನೆಯ ಬಾಹು ಕಮ್ಮಿಯಾಗುವುದು ಒಂದೂವರೆ ಮಿಲಿಮೀಟರ್ ಮಾತ್ರ. ರಂಗೋಲಿ ಪುಡಿಯ ಎಳೆಯೇ ಅದಕ್ಕಿಂತ ದಪ್ಪ.

ಎ4 ಹಾಳೆಯಲ್ಲಿ ಮೊದಲು ಕೈ ಪಳಗಿಸಿಕೊಳ್ಳಿ: ತ್ರಿಜ್ಯ 9.5, ಬಾಹು 6.5 ಸೆಂಟಿಮೀಟರ್. ಮಕ್ಕಳ ಕೈವಾರ ಅಷ್ಟು ತೆರೆಯದಿದ್ದರೆ 7.6 ಮತ್ತು 5.2.

ನೆಲಕ್ಕೆ ದಾರದ ಬದಲು ಮರದ ಬೀಡಿಂಗ್ ಪಟ್ಟಿ ಬಳಸಿ. ನಮ್ಮ ಬೀದಿ ಕೊನೆಯ ಪ್ಲೈವುಡ್ ಅಂಗಡಿಯಲ್ಲಿ ಒಂದು ಮೀಟರಿನ ತುಂಡು ಸಿಕ್ಕಿತು, ಅಲ್ಲಿದ್ದ ಬಡಗಿಯೇ ಮೂರು ತೂತು ಕೊರೆದುಕೊಟ್ಟರು. ಒಂದು ತುದಿಯ ಹತ್ತಿರ ಮೊದಲ ತೂತು, ಅದರಿಂದ 65 ಸೆಂಟಿಮೀಟರಿಗೆ ಎರಡನೆಯದು, 95ಕ್ಕೆ ಮೂರನೆಯದು. ಅಳತೆ ಹಿಡಿಯಬೇಕಾದ್ದು ತೂತಿನ ಅಂಚಿಂದ ಅಲ್ಲ, ನಡುವಿನಿಂದ ನಡುವಿಗೆ. ಒಂದೇ ಪಟ್ಟಿಯಲ್ಲಿ ವೃತ್ತವೂ ಆಯಿತು, ಬಾಹುವೂ ಆಯಿತು.

ಕೆಲಸದ ಕ್ರಮ ಹೀಗೆ:

1. ನಡುವಿನ ಜಾಗಕ್ಕೆ ಮಾಸ್ಕಿಂಗ್ ಟೇಪ್ ಅಂಟಿಸಿ, ಅದರ ಮೇಲೆ ಕೂಡುಗೆರೆ ಹಾಕಿ. ನುಣ್ಣನೆಯ ಟೈಲ್ಸ್ ಮೇಲೆ ಮೊಳೆ ನಿಲ್ಲುವುದಿಲ್ಲ, ಟೇಪ್ ಇದ್ದರೆ ಸ್ಕ್ರೂಡ್ರೈವರಿನ ತುದಿ ಜಾರದೆ ನಿಲ್ಲುತ್ತದೆ. ಒಬ್ಬರು ಮೊದಲ ತೂತಿನೊಳಗೆ ಸ್ಕ್ರೂಡ್ರೈವರ್ ಇಳಿಸಿ ನೆಟ್ಟಗೆ ಒತ್ತಿ ಹಿಡಿಯಬೇಕು.

2. ಇನ್ನೊಬ್ಬರು 95ರ ತೂತಿಗೆ ಚಾಕ್‌ಪೀಸ್ ಸಿಕ್ಕಿಸಿ ಪೂರ್ತಿ ಸುತ್ತು ಬರಬೇಕು. ಚಾಕ್‌ಪೀಸಿನ ತುದಿಯನ್ನು ಮೊದಲೇ ಚೂಪಾಗಿ ಉಜ್ಜಿಕೊಳ್ಳಿ.

3. ಬಾಗಿಲಿನಿಂದ ಬರುವವರಿಗೆ ಎದುರಾಗಿ, ವೃತ್ತದ ಮೇಲ್ತುದಿಯಲ್ಲಿ ಮೊದಲ ಮೂಲೆ ಗುರುತಿಸಿ. ಅಲ್ಲಿಂದ 65ರ ಅಳತೆಯಲ್ಲಿ ಬಲಕ್ಕೆ ನಾಲ್ಕು ಹೆಜ್ಜೆ, ಮತ್ತೆ ಮೊದಲ ಮೂಲೆಗೇ ಬಂದು ಎಡಕ್ಕೆ ನಾಲ್ಕು ಹೆಜ್ಜೆ. ಒಂದೇ ದಿಕ್ಕಿಗೆ ಒಂಬತ್ತು ಹೆಜ್ಜೆ ಹಾಕಬೇಡಿ. ಎರಡು ಕಡೆಯಿಂದ ಬಂದರೆ ಅಲ್ಪಸ್ವಲ್ಪ ತಪ್ಪಿದ್ದರೂ ಕೆಳಗಿನ ಬಾಹುವಿನಲ್ಲಿ, ಎಡಬಲ ಸಮವಾಗಿ ಅಡಗುತ್ತದೆ. ನನ್ನ ಮೊದಲ ರಂಗೋಲಿ ಊದಿಕೊಂಡಂತೆ ಕಂಡದ್ದು ತಪ್ಪೆಲ್ಲ ಒಂದೇ ಮಗ್ಗುಲಿಗೆ ಬಿದ್ದದ್ದರಿಂದ.

4. ಮೂಲೆಗಳಿಗೆ ಪ್ರದಕ್ಷಿಣವಾಗಿ 1ರಿಂದ 9ರವರೆಗೆ ಸಂಖ್ಯೆ ಬರೆಯಿರಿ. ಮುಂದಿನದಕ್ಕೆಲ್ಲ ಈ ಸಂಖ್ಯೆಗಳೇ ಆಧಾರ.

ಪುಡಿ ಸುರಿಯುವ ಮೊದಲು ಒಂದು ತಾಳೆ ನೋಡಿ. ಸಮ ನವಕೋನಕ್ಕೆ ಒಂದು ಚೆಂದದ ಗುಣವಿದೆ: ಅದರ ಅತಿ ಉದ್ದದ ಕರ್ಣ ಎಂದರೆ ಅತಿ ಗಿಡ್ಡ ಕರ್ಣಕ್ಕೆ ಒಂದು ಬಾಹು ಸೇರಿಸಿದಷ್ಟೇ. ಮೂಲೆ 1ರಿಂದ 3ಕ್ಕೆ ಅಳತೆಯ ಟೇಪ್ ಹಿಡಿದರೆ 122.1 ಸೆಂಟಿಮೀಟರ್, 1ರಿಂದ 5ಕ್ಕೆ 187.1. ನಡುವಿನ ಅಂತರ 65. ಇದು ಕೂಡಿಬಂದರೆ ಕಣ್ಣು ಮುಚ್ಚಿ ಮುಂದುವರಿಯಿರಿ. ಟೇಪ್ ಇಲ್ಲದಿದ್ದರೆ ದಾರ ಸಾಕು.

ಕೂಡಿಸುವ ನಾಲ್ಕು ಬಗೆ

ಸುಮ್ಮನೆ ಪಕ್ಕಪಕ್ಕದ ಮೂಲೆಗಳನ್ನು ಕೂಡಿಸಿದರೆ ನವಕೋನ. ದೂರದಿಂದ ನೋಡಿದರೆ ಅದು ವೃತ್ತವೇ ಅನ್ನಿಸಿ ಸಪ್ಪೆಯಾಗುತ್ತದೆ. ಜೀವ ಬರುವುದು ಒಂದು ಮೂಲೆಯಿಂದ ನೆಗೆದು ಇನ್ನೊಂದಕ್ಕೆ ಹೋದಾಗ.

ಎರಡರ ನೆಗೆತ: 1ರಿಂದ 3, 5, 7, 9, ಅಲ್ಲಿಂದ 2, 4, 6, 8, ಮತ್ತೆ 1. ಕೈಯೆತ್ತದೆ ಹಾಕಬಹುದಾದ ನಕ್ಷತ್ರ. ತುದಿಗಳು 100 ಡಿಗ್ರಿ, ಮೊಂಡು. ನಡುವೆ ಬೇಕಾದಷ್ಟು ಬಯಲು ಉಳಿಯುವುದರಿಂದ ಹೂವು ತುಂಬಿಸುವವರಿಗೆ ಅನುಕೂಲ. ನನಗೆ ಅಷ್ಟಾಗಿ ಹಿಡಿಸಲಿಲ್ಲ.

ಮೂರರ ನೆಗೆತ: 1ರಿಂದ 4, 7, ಮತ್ತೆ 1. ಮೂರೇ ಹೆಜ್ಜೆಗೆ ಮುಚ್ಚಿಹೋಗುತ್ತದೆ. ಹಾಗಾಗಿ ಕೈಯೆತ್ತಿ 2, 5, 8 ಒಂದು ಸಲ, 3, 6, 9 ಇನ್ನೊಂದು ಸಲ. ಮೂರು ಸಮಬಾಹು ತ್ರಿಕೋನಗಳು ಒಂದರ ಮೇಲೊಂದು ತಿರುಗಿ ಕೂತ ಆಕೃತಿ. ದಿಲ್ಲಿಯ ಲೋಟಸ್ ಟೆಂಪಲ್ ಕಟ್ಟಿಸಿದ ಬಹಾಯಿ ಧರ್ಮದವರು ಒಂಬತ್ತು ಮೊನೆಯ ನಕ್ಷತ್ರವನ್ನು ತಮ್ಮ ಗುರುತಾಗಿ ಬಳಸುತ್ತಾರೆ, ಹೆಚ್ಚಾಗಿ ಕಾಣುವುದು ಈ ಮೂರು ತ್ರಿಕೋನಗಳ ರೂಪ. ಅವರಿಗೆ ಒಂಬತ್ತು ಏಕೆ? ಒಂದಂಕಿಯ ಸಂಖ್ಯೆಗಳಲ್ಲಿ ಅದೇ ದೊಡ್ಡದು, ಹಾಗಾಗಿ ಪೂರ್ಣತೆಯ ಗುರುತು. ಜೊತೆಗೆ ಅರಬ್ಬಿ ಅಕ್ಷರಗಳಿಗೆ ಸಂಖ್ಯೆ ಕೊಡುವ ಅಬ್ಜದ್ ಲೆಕ್ಕದಲ್ಲಿ 'ಬಹಾ' ಎಂಬ ಪದದ ಮೊತ್ತ 9. ಅವರ ಆರಾಧನಾ ಮಂದಿರಗಳಿಗೆಲ್ಲ ಒಂಬತ್ತು ಮಗ್ಗುಲು. ಫರಿಬೊರ್ಜ್ ಸಹಬಾ ವಿನ್ಯಾಸ ಮಾಡಿ 1986ರಲ್ಲಿ ತೆರೆದ ಲೋಟಸ್ ಟೆಂಪಲ್‌ನಲ್ಲಿ ಅಮೃತಶಿಲೆ ಹೊದಿಸಿದ 27 ದಳಗಳಿವೆ, ಒಳಹೋಗಲು ಒಂಬತ್ತು ಬಾಗಿಲು, ಸುತ್ತ ಒಂಬತ್ತು ಕೊಳ. ಯಾವ ಮಗ್ಗುಲೂ ಮುಂಬಾಗಿಲಲ್ಲ, ಯಾವುದೂ ಹಿತ್ತಿಲಲ್ಲ. ಬೆಸಸಂಖ್ಯೆಯ ಮೂಲೆಗಳಿದ್ದರೆ ಒಂದು ಗೋಡೆಯ ಎದುರಿಗೆ ಇನ್ನೊಂದು ಗೋಡೆ ಬರುವುದಿಲ್ಲ, ಮೂಲೆ ಬರುತ್ತದೆ. ಆ ಕಟ್ಟಡವನ್ನು ಸುತ್ತು ಹಾಕುವಾಗ ಎಲ್ಲಿಂದ ಶುರುಮಾಡಿದೆವು ಎಂಬುದು ಮರೆತುಹೋಗುವುದಕ್ಕೆ ಈ ಜಾಮೆಟ್ರಿಯೂ ಕಾರಣ ಎಂದು ನನ್ನ ಎಣಿಕೆ.

ಉತ್ತರ ಯುರೋಪಿನ ಹಳೆಯ ಕೆತ್ತನೆಗಳಲ್ಲೂ, ಸ್ವೀಡನ್ನಿನ ಗಾಟ್‌ಲೆಂಡ್ ದ್ವೀಪದ ಕಲ್ಲುಗಳಲ್ಲಿ, ಒಂದರೊಳಗೊಂದು ಹೆಣೆದ ಮೂರು ತ್ರಿಕೋನಗಳಿವೆ. ವಾಲ್ಕ್‌ನಟ್ ಎಂಬುದು ಅದಕ್ಕೆ ಈಚೆಗೆ ಬಂದ ಹೆಸರು. ಅಲ್ಲಿಯೂ ಮೂಲೆ ಒಂಬತ್ತೇ, ಆದರೆ ಅವು ಒಂದು ವೃತ್ತದ ಮೇಲೆ ಸಮವಾಗಿ ಕೂತಿಲ್ಲ.

ಮೂರು ಮತ್ತು ಆರು: 9ನ್ನು ಮೇಲ್ತುದಿಗೆ ಇಟ್ಟು 3, 6, 9 ತ್ರಿಕೋನ ಎಳೆಯಿರಿ. ಉಳಿದವನ್ನು 1, 4, 2, 8, 5, 7, ಮತ್ತೆ 1 ಎಂದು ಕೂಡಿಸಿ. ಇದು ಎನಿಯಾಗ್ರಾಮ್. 20ನೇ ಶತಮಾನದ ಎರಡನೆಯ ದಶಕದಲ್ಲಿ ಗುರ್ಜೀಫ್ ಎಂಬ ಆಧ್ಯಾತ್ಮಿಕ ಗುರು ರಷ್ಯಾದ ತನ್ನ ಶಿಷ್ಯರಿಗೆ ಕಲಿಸಿದ ಆಕೃತಿ. ಆ ವಿಚಿತ್ರ ಕ್ರಮ ಬಂದದ್ದು 1ನ್ನು 7ರಿಂದ ಭಾಗಿಸುವುದರಿಂದ: 0.142857 142857... ಈ ಸರಣಿಯಲ್ಲಿ 3, 6, 9 ಬರುವುದೇ ಇಲ್ಲ, ಅದಕ್ಕೇ ಅವು ಬೇರೆ ತ್ರಿಕೋನ. ಇದಕ್ಕೆ ಮನುಷ್ಯ ಸ್ವಭಾವದ ಒಂಬತ್ತು ಬಗೆಗಳನ್ನು ಅಂಟಿಸಿದ್ದು ಆಮೇಲೆ, ಆಸ್ಕರ್ ಇಚಾಸೊ ಮತ್ತು ಕ್ಲಾಡಿಯೊ ನರಾಂಹೊ. ಬೆಂಗಳೂರಿನ ಐಟಿ ಕಚೇರಿಗಳಲ್ಲಿ ದುಡಿದವರಿಗೆ ಇದರ ಪರಿಚಯ ಇದ್ದೀತು. ನನಗೂ ಒಮ್ಮೆ ತರಬೇತಿಗೆ ಬಂದವರು ಮಧ್ಯಾಹ್ನದ ಊಟಕ್ಕೆ ಮುಂಚೆ "ನೀವು ಟೈಪ್ ಒಂದು" ಎಂದು ತೀರ್ಪು ಕೊಟ್ಟಿದ್ದರು. ಗೆರೆಗಳ ಅಂದಕ್ಕೆ ನನ್ನ ತಕರಾರಿಲ್ಲ. ಆದರೆ 142857 ಬರುವುದು ನಾವು ಹತ್ತರ ಲೆಕ್ಕದಲ್ಲಿ ಎಣಿಸುವುದರಿಂದ. ಎಂಟರ ಲೆಕ್ಕದಲ್ಲಿ ಎಣಿಸಿದ್ದರೆ ಅದೇ ಏಳನೆಯ ಒಂದು ಭಾಗ 0.1111 ಎಂದು ಮಾತ್ರ ಆಗುತ್ತಿತ್ತು, ಆಕೃತಿ ಹುಟ್ಟುತ್ತಲೇ ಇರಲಿಲ್ಲ.

ನಾಲ್ಕರ ನೆಗೆತ: ಇದರ ಕಥೆ ಕೊನೆಗೆ.

ಇಂಟರ್ನೆಟ್ಟಿನಲ್ಲಿ ವಿನ್ಯಾಸ ಹುಡುಕುವವರಿಗೆ ನಡುವೆ ಒಂದು ಮಾತು. 'ಒಂಬತ್ತು ಕೋನ' ಎಂಬ ಹೆಸರನ್ನು ಆರ್ಡರ್ ಆಫ್ ನೈನ್ ಆಂಗಲ್ಸ್ ಎಂಬ, ಬ್ರಿಟನ್ ಮೂಲದ ನವನಾಜಿ ಗುಂಪೂ ಇಟ್ಟುಕೊಂಡಿದೆ. ಎಲ್ಲಿಯದೆಂದು ಗೊತ್ತಿಲ್ಲದ ಚಿತ್ರವನ್ನು ಇಳಿಸಿಕೊಂಡು ಟೀ ಶರ್ಟಿಗೋ ಲಾಬಿಯ ನೆಲಕ್ಕೋ ಹಾಕುವ ಮುಂಚೆ ಅದು ಯಾರದ್ದು ಎಂದು ನೋಡಿ.

ನಮ್ಮ ಒಂಬತ್ತು ಎಲ್ಲಿದೆ?

ನವಕೋನ ಎಂದ ತಕ್ಷಣ ಕೆಳಮನೆಯ ಅಜ್ಜಿ ಕೇಳಿದ್ದು, "ನವಗ್ರಹ ಏನಮ್ಮ?" ಸಹಜ. ನವಗ್ರಹ, ನವರತ್ನ, ನವರಸ, ನವಧಾನ್ಯ, ದೇಹದ ನವದ್ವಾರ, ಒಂಬತ್ತು ಬಗೆಯ ಭಕ್ತಿ... ನಮ್ಮಲ್ಲಿ ಒಂಬತ್ತಕ್ಕೆ ಬರವೇ? ಆದರೆ ಇವುಗಳಲ್ಲಿ ಒಂಬತ್ತು ಮೂಲೆಯ ಆಕೃತಿ ಯಾವುದು ಎಂದು ಹುಡುಕಲು ಹೊರಟರೆ ಕೈಗೆ ಸಿಗುವುದು ಕಮ್ಮಿ.

ದೇವಸ್ಥಾನದ ನವಗ್ರಹ ಪೀಠವನ್ನು ನೆನಪಿಸಿಕೊಳ್ಳಿ. ಸಾಮಾನ್ಯವಾಗಿ ಮೂರು ಸಾಲು, ಸಾಲಿಗೆ ಮೂರು, ನಡುವೆ ಸೂರ್ಯ, ಸುತ್ತ ಎಂಟು. ಅಂದರೆ ಇಲ್ಲಿ ಒಂಬತ್ತು ಎಂದರೆ ಎಂಟು ದಿಕ್ಕು ಮತ್ತು ಒಂದು ನಡು. ವಾಸ್ತುವಿನ 81 ಪದಗಳ, ಅಂದರೆ ಮನೆಗಳ, ಮಂಡಲವೂ ಒಂಬತ್ತು ಒಂಬತ್ತಲೆ ಚೌಕವೇ, ಅದರ ನಡುವಿನ ಒಂಬತ್ತು ಮನೆ ಬ್ರಹ್ಮನದು. ನವಗ್ರಹದ ರಂಗೋಲಿ ಬೇಕಾದರೆ ಎಂಟು ದಳದ ಪದ್ಮ ಹಾಕಿ ನಡುವೆ ಸೂರ್ಯನನ್ನು ಕೂರಿಸಿ. ನವಕೋನದಲ್ಲಿ ಸೂರ್ಯನೂ ಒಂದು ಮೂಲೆಗೆ ಸರಿಯಬೇಕಾಗುತ್ತದೆ, ನಡು ಖಾಲಿ ಬೀಳುತ್ತದೆ. ಅಜ್ಜಿಗೆ ಇದನ್ನು ಹೇಳಿದೆ. "ಸೂರ್ಯನಾರಾಯಣನ್ನ ಮೂಲೆಗೆ ಕೂರಿಸ್ತೀಯಾ?" ಎಂದು ನಕ್ಕರು.

ಶ್ರೀಚಕ್ರ ಇನ್ನೂ ಸ್ವಾರಸ್ಯ. ಅದರಲ್ಲಿ ಒಂಬತ್ತು ದೊಡ್ಡ ತ್ರಿಕೋನಗಳು: ನಾಲ್ಕು ಶಿವನವು, ಐದು ಶಕ್ತಿಯವು. ಅವು ಹೆಣೆದುಕೊಂಡಾಗ ಹುಟ್ಟುವ ಸಣ್ಣ ತ್ರಿಕೋನಗಳು 43. ಆವರಣಗಳೂ ಒಂಬತ್ತು, ಹೊರಗಿನ ಚೌಕವಾದ ಭೂಪುರದಿಂದ ಒಳಗಿನ ಬಿಂದುವರೆಗೆ. ಆದರೆ ತ್ರಿಕೋನಗಳಿಂದಾದ ಆವರಣಗಳ ಮೂಲೆ ಎಣಿಸಿ ನೋಡಿ: 14, 10, 10, 8, ಕೊನೆಗೆ ಒಂದು ತ್ರಿಕೋನ. ಒಂಬತ್ತು ಮೂಲೆಯ ಸುತ್ತು ಒಂದೂ ಇಲ್ಲ! ಒಂಬತ್ತು ಅಲ್ಲಿ ಇರುವುದು ಮೂಲೆಗಳಲ್ಲಲ್ಲ, ಹೊರಗಿಂದ ಒಳಗೆ ನಡೆಯುವ ಹೆಜ್ಜೆಗಳಲ್ಲಿ.

ಹೀಗಾಗಿ ಸಮ ನವಕೋನವನ್ನು ನಮ್ಮ ಪುರಾತನ ಯಂತ್ರ ಎಂದು ಯಾರಾದರೂ ಚೌಕಟ್ಟು ಹಾಕಿಸಿ ಮಾರಿದರೆ ನಾನು ದುಡ್ಡು ಕೊಡುವುದಿಲ್ಲ. ಸಂಖ್ಯೆಗಳ ಜೊತೆ ಹೊಂದಾಣಿಕೆ ಹುಡುಕುತ್ತಾ ಕೂತರೆ ಸಿಗದ್ದೇ ಇಲ್ಲ. ನವಕೋನದ ಕರ್ಣಗಳು 27, ನಕ್ಷತ್ರಗಳು 27, ಲೋಟಸ್ ಟೆಂಪಲ್ಲಿನ ದಳ 27. ಎಲ್ಲ ನಿಜ, ಒಂದಕ್ಕೊಂದು ಸಂಬಂಧ ಮಾತ್ರ ಕಾಣೆ.

ಹಾಗಾದರೆ ನವಕೋನ ನಮ್ಮ ಯಾವ ಒಂಬತ್ತಿಗೆ ಒಪ್ಪುತ್ತದೆ? ನಡು ಬೇಡದ, ಒಂದಾದ ಮೇಲೊಂದು ಸರದಿಯಲ್ಲಿ ಬರುವ, ಯಾವುದೂ ಹೆಚ್ಚಲ್ಲ ಕಡಿಮೆಯಲ್ಲದ ಒಂಬತ್ತಿಗೆ. ಅಂದರೆ ರಾತ್ರಿಗಳಿಗೆ.

ರಾತ್ರಿಗೊಂದು ಗೆರೆ

ನಾಲ್ಕರ ನೆಗೆತ: 1ರಿಂದ 5, 9, 4, 8, 3, 7, 2, 6, ಮತ್ತೆ 1. ಕೈಯೆತ್ತದೆ ಒಂಬತ್ತೇ ಗೆರೆ, ಒಂದೊಂದೂ 187 ಸೆಂಟಿಮೀಟರ್. ತುದಿಗಳು 20 ಡಿಗ್ರಿಯಷ್ಟು ಚೂಪು. ಪ್ರತಿ ಗೆರೆಯೂ ನಡುವಿನ ಪಕ್ಕದಲ್ಲೇ ಹಾದುಹೋಗುತ್ತದೆ, ಆದರೆ ನಡುವನ್ನು ಮುಟ್ಟುವುದಿಲ್ಲ. ಅಲ್ಲಿ 33 ಸೆಂಟಿಮೀಟರ್ ಅಗಲದ ಪುಟ್ಟ ನವಕೋನ ತಾನಾಗಿ ಉಳಿಯುತ್ತದೆ. ಒಂದಡಿಯ ಹರಿವಾಣ ಅದರಲ್ಲಿ ಸರಿಯಾಗಿ ಕೂರುತ್ತದೆ.

ಕಳೆದ ವರ್ಷ ಹೀಗೆ ಮಾಡಿದೆವು. ಪಾಡ್ಯದ ಸಂಜೆ ಮೂಲೆಗಳ ಗುರುತು ಮತ್ತು ಒಂದೇ ಗೆರೆ, 1ರಿಂದ 5ಕ್ಕೆ. ಮರುದಿನ 5ರಿಂದ 9ಕ್ಕೆ. ದಿನಕ್ಕೊಂದು ಮನೆಯವರ ಸರದಿ. ಮೂಲೆಗಳಲ್ಲಿ ಬಣ್ಣದ ಬದಲು ನವಧಾನ್ಯದ ಸಣ್ಣ ಗುಡ್ಡೆ: ಗೋಧಿ, ಅಕ್ಕಿ, ತೊಗರಿ, ಹೆಸರು, ಕಡಲೆ, ಅವರೆ, ಎಳ್ಳು, ಉದ್ದು, ಹುರುಳಿ. ಆ ದಿನದ ಗೆರೆ ಮುಟ್ಟಿದ ಮೂಲೆಗೆ ಧಾನ್ಯ ಇಡುವುದು. ಒಂಬತ್ತು ದಿನ ನೆಲದ ಮೇಲೆ ಉಳಿಯಬೇಕಾದ್ದರಿಂದ ಪುಡಿಯ ಗೆರೆಯ ಕೆಳಗೆ ಅಕ್ಕಿಹಿಟ್ಟನ್ನು ನೀರಿನಲ್ಲಿ ಕದಡಿ ಒಂದು ಎಳೆ ಎಳೆದಿದ್ದೆವು. ಒಣಗಿದ ಮೇಲೆ ಗಾಳಿಗೆ ಹಾರುವುದಿಲ್ಲ. ಸುತ್ತ ಹೂಕುಂಡ ಇಟ್ಟು, ನೆಲ ಒರೆಸುವ ಅಕ್ಕನಿಗೆ ಮುಂಚೆಯೇ ಹೇಳಿದ್ದೆವು. ಆದರೂ ನಾಲ್ಕನೆಯ ದಿನ ಕೊರಿಯರ್ ಹುಡುಗ ಡಬ್ಬ ಎಳೆದುಕೊಂಡು ಹೋಗಿ ಮೂಲೆ 9ರ ತೊಗರಿ ಚೆಲ್ಲಾಪಿಲ್ಲಿಯಾಯಿತು.

ಮೊದಲ ಮೂರ್ನಾಲ್ಕು ದಿನ ಯಾರಿಗೂ ತಲೆಬುಡ ತಿಳಿಯಲಿಲ್ಲ, ಅಡ್ಡಾದಿಡ್ಡಿ ಕಡ್ಡಿ ಚೆಲ್ಲಿದ ಹಾಗಿತ್ತು. ಆರನೆಯ ದಿನ 3ರಿಂದ 7ಕ್ಕೆ ಗೆರೆ ಬಿದ್ದಾಗ ನಡುವಿನ ಪುಟ್ಟ ಆಕೃತಿ ಮಸುಕಾಗಿ ಕಾಣಿಸಿಕೊಂಡಿತು. ಲಿಫ್ಟಿಗೆ ಕಾಯುವವರು ಮುಂದಿನ ಗೆರೆ ಎಲ್ಲಿಗೆ ಎಂದು ಊಹಿಸತೊಡಗಿದರು. ಕೊನೆಯ ಗೆರೆ, 6ರಿಂದ 1ಕ್ಕೆ, ಎದುರುಮನೆಯ ಹುಡುಗನದು. ಎಳೆಯುವ ಮೊದಲು ಅವನೇ ದಾರ ತಂದು 1ರಿಂದ 3ಕ್ಕೆ, 1ರಿಂದ 5ಕ್ಕೆ ಅಳೆದು ತಾಳೆ ನೋಡಿದ.

ಅವತ್ತು ಮಹಾನವಮಿ, ಆಯುಧಪೂಜೆ. ಕಾರು ಬೈಕುಗಳಿಗೆಲ್ಲ ಬೂದುಗುಂಬಳಕಾಯಿ ಒಡೆದು ಆದ ಮೇಲೆ ಅಜ್ಜಿ ಬೀಡಿಂಗ್ ಪಟ್ಟಿಯನ್ನು ಗೋಡೆಗೆ ಒರಗಿಸಿ, ಮೂರು ತೂತಿಗೂ ಒಂದೊಂದು ಕುಂಕುಮದ ಬೊಟ್ಟು ಇಟ್ಟರು.